ನಂದೇ ಹಾಡು, ಯಾವ ಪಿಚ್ಚರ್‌ದೂ ಅಲ್ಲ

ಹಾಡನ್ನು ತಾನೇ ಬರೆದು, ತಾನೇ ರಾಗ ಹಾಕಿ, ತಾನೇ ಹಾಡಿ, ತನ್ನ ದುಡ್ಡಿನಲ್ಲೇ ರೆಕಾರ್ಡ್ ಮಾಡಿಸಿ, ಕೊನೆಗೆ ತಾನೊಬ್ಬನೇ ಕೂತು ಕೇಳುವವನಿಗೆ ಇಂಡಿ ಗಾಯಕ ಎನ್ನುತ್ತಾರೆ. ಬೆಂಗಳೂರಿನಲ್ಲಿ ಇಂಥವರು ಗಲ್ಲಿಗೆ ನಾಲ್ಕು ಜನ ಸಿಗುತ್ತಾರಂತೆ. ಗುಂಡ್ಲುಪೇಟೆಯಲ್ಲಿ ನಾನು ಹುಡುಕಿದ ಮಟ್ಟಿಗೆ ನಾನೊಬ್ಬನೇ. ಸ್ಪರ್ಧೆಯೇ ಇಲ್ಲದ ಕಡೆಯೂ ಮೊದಲನೇ ಸ್ಥಾನಕ್ಕೆ ಬರಲಾಗದವನು ಹೇಗಿರುತ್ತಾನೆ ಎಂಬ ಕುತೂಹಲ ಇರುವವರು ಮುಂದೆ ಓದಬಹುದು.

ಹಗಲು ಹೊತ್ತು ನಾನು ಅಪ್ಪನ ಗೊಬ್ಬರ, ಬೀಜ, ಔಷಧಿ ಅಂಗಡಿಯಲ್ಲಿ ಗಲ್ಲಾದ ಹಿಂದೆ ಇರುತ್ತೇನೆ. ಮೈಸೂರಿನಿಂದ ಗಿಟಾರು ತಂದ ದಿನ ಅದನ್ನು ಕಪ್ಪು ಚೀಲದ ಸಮೇತ ಅಂಗಡಿಯ ಮೂಲೆಗೆ ಒರಗಿಸಿದ್ದೆ. ಟೊಮ್ಯಾಟೊಗೆ ಅಂಗಮಾರಿ ಬಿದ್ದಿದೆಯೆಂದು ಔಷಧಿಗೆ ಬಂದ ರೈತರೊಬ್ಬರು ಔಷಧಿ ಕೇಳುವುದು ಬಿಟ್ಟು ಅದನ್ನೇ ನೋಡುತ್ತ ನಿಂತರು. ಹತ್ತಿರ ಹೋಗಿ ಬೆನ್ನಿಗೆ ಹಾಕಿಕೊಳ್ಳುವ ಪಟ್ಟಿಯನ್ನು ಎರಡು ಸಲ ಜಗ್ಗಿ ಪರೀಕ್ಷಿಸಿದರು.

‘ಎಷ್ಟು ಲೀಟ್ರು ಹಿಡೀತದ?’

‘ಇದು ಸ್ಪ್ರೇಯರ್ ಅಲ್ಲ ಮಾವ, ಗಿಟಾರು.’

‘ಅದೇಯ. ಬ್ಯಾಟ್ರೀದ, ಕೈಯಲ್ಲಿ ಹೊಡಿಯೋದ?’

‘ಕೈಯಲ್ಲಿ ಹೊಡಿಯೋದು.’

‘ಬ್ಯಾಡ ಬುಡು, ರಟ್ಟೆ ಬಿದ್ದೋಯ್ತದ. ಬ್ಯಾಟ್ರೀದೇ ಕೊಡು.’

16 ಲೀಟರಿನ ಬ್ಯಾಟರಿ ಸ್ಪ್ರೇಯರ್ ಒಂದನ್ನು ಕೊಂಡು ಹೋದರು. ನನ್ನ ಸಂಗೀತದಿಂದ ಮನೆಗೆ ಬಂದ ಮೊದಲ ಲಾಭ ಅದು. ಅಪ್ಪ ಬಹಳ ದಿನ ಗಿಟಾರನ್ನು ಅಲ್ಲಿಂದ ತೆಗೆಯಲು ಬಿಡಲಿಲ್ಲ.

ಈ ಹುಚ್ಚು ಹತ್ತಿಸಿದವರು ರಘು ದೀಕ್ಷಿತ್. ಅವರಿಗೆ ಈ ವಿಷಯ ಗೊತ್ತಿಲ್ಲ, ಗೊತ್ತಾಗುವುದೂ ಬೇಡ. ಮೈಸೂರಿನಲ್ಲಿ ಬೆಳೆದ ಹುಡುಗ, ಮೈಕ್ರೊಬಯಾಲಜಿ ಎಂಎಸ್ಸಿಯಲ್ಲಿ ಚಿನ್ನದ ಪದಕ, ಜೊತೆಗೆ ಭರತನಾಟ್ಯ, ಕಾಲೇಜಿನಲ್ಲಿ ಯಾರೋ ಕೆಣಕಿದರೆಂದು ಹಟಕ್ಕೆ ಬಿದ್ದು ಗಿಟಾರು ಕಲಿತವರು. ಕಂಪನಿಗಳು ವರ್ಷಗಟ್ಟಲೆ ಬಾಗಿಲು ತೆಗೆಯದೆ, ಕೊನೆಗೆ 2008ರಲ್ಲಿ ವಿಶಾಲ್–ಶೇಖರ್ ಜೋಡಿಯ ಕಂಪನಿಯಿಂದ ಮೊದಲ ಆಲ್ಬಂ ಬಂತು. ಶಿಶುನಾಳ ಶರೀಫರ ಪದಗಳನ್ನು ಗಿಟಾರು, ಡ್ರಮ್ಮಿಗೆ ಕೂರಿಸಿ, ಬಣ್ಣದ ಲುಂಗಿ ಉಟ್ಟು, ಕಾಲಿಗೆ ಗೆಜ್ಜೆ ಕಟ್ಟಿ ಊರೂರು ಸುತ್ತಿದವರು 2011ರಲ್ಲಿ ಇಂಗ್ಲೆಂಡಿನ ಗ್ಲಾಸ್ಟನ್‌ಬರಿ ಉತ್ಸವದ ತನಕ ಹೋದರು. ಈ ಪಟ್ಟಿ ಎದುರಿಗಿಟ್ಟುಕೊಂಡು ನನ್ನಲ್ಲಿ ಏನೇನಿದೆ ಎಂದು ಗುರುತು ಹಾಕಿದೆ. ಪದಕ ಇಲ್ಲ. ನಾಟ್ಯ ಇಲ್ಲ. ಕೆಣಕುವಷ್ಟು ನನ್ನ ಕಡೆ ಯಾರಿಗೂ ಗಮನ ಇರಲಿಲ್ಲ. ಲುಂಗಿ ಇತ್ತು.

ಆದರೆ ಲಂಡನ್ನಿನಲ್ಲಿ ಲುಂಗಿ ಮಾಡುವ ಕೆಲಸವನ್ನು ಗುಂಡ್ಲುಪೇಟೆಯಲ್ಲಿ ಮಾಡುವುದಿಲ್ಲ. ಅಲ್ಲಿ ಅದು ವೇಷ. ಇಲ್ಲಿ ನಾನು ನವಿಲು ಬಣ್ಣದ ಲುಂಗಿ, ಗೆಜ್ಜೆ, ಗಿಟಾರಿನ ಸಮೇತ ಬಸ್ ಸ್ಟ್ಯಾಂಡಿನಲ್ಲಿ ನಿಂತರೆ ಪಕ್ಕದ ಮನೆಯವರು ಬಂದು, ‘ಹಾಲು ತರಕ ಬಂದ್ಯಾ? ನಮ್ಗೂ ಒಂದು ಪಾಕೀಟು ತಕ್ಕೊ’ ಎಂದು ಚಿಲ್ಲರೆ ಕೊಟ್ಟು ಹೋಗುತ್ತಾರೆ. ಗೆಜ್ಜೆಯ ಬಗ್ಗೆ ಮಾತ್ರ ಒಬ್ಬರು ವಿಚಾರಿಸಿದರು. ಅವರ ಎತ್ತಿಗೆ ಬೇಕಾಗಿತ್ತು.

ನಮ್ಮ ಚಾಮರಾಜನಗರ ಜಿಲ್ಲೆ ಮೈಸೂರಿನಿಂದ ಬೇರೆಯಾದದ್ದು 1997ರಲ್ಲಿ. ಹಾಡುವುದರಲ್ಲಿ ಮಾತ್ರ ಅದಕ್ಕೆ ನೂರಾರು ವರ್ಷದ ಹಿರಿತನ. ಮಲೆ ಮಹದೇಶ್ವರನ, ಅಂದರೆ ನಮ್ಮ ಮಾದಪ್ಪನ ಕತೆ ಹೇಳುವ ದೇವರಗುಡ್ಡರು, ತಂಬೂರಿ ಹಿಡಿದು ಮಂಟೇಸ್ವಾಮಿಯ, ಸಿದ್ದಪ್ಪಾಜಿಯ ಪದ ಹೇಳುವ ನೀಲಗಾರರು, ಬಿಳಿಗಿರಿರಂಗನ ಬೆಟ್ಟದಲ್ಲಿ ಗೊರುಕನ ಹಾಡಿ ಕುಣಿಯುವ ಸೋಲಿಗರು. ಸಿನಿಮಾ ಬೇಕೆಂದರೆ ಗಾಜನೂರಿನ ರಾಜ್‌ಕುಮಾರ್ ಇದ್ದಾರೆ. ಊರು ತಮಿಳುನಾಡಿನ ಲೆಕ್ಕಕ್ಕೆ ಹೋದರೂ ಮನುಷ್ಯ ನಮ್ಮವರು. ನಟನಾಗಿ ನಾಡನ್ನು ಗೆದ್ದದ್ದು ಸಾಲದೆಂದು ‘ಜೀವನ ಚೈತ್ರ’ದಲ್ಲಿ ಹಾಡಿದ್ದಕ್ಕೆ ರಾಷ್ಟ್ರಪ್ರಶಸ್ತಿಯನ್ನೂ ತೆಗೆದುಕೊಂಡವರು. ಹೀಗಾಗಿ ನಮ್ಮಲ್ಲಿ ಹಾಡು ಎಂದರೆ ಒಂದೋ ದೇವರದು, ಇಲ್ಲವೇ ಪಿಚ್ಚರ್‌ದು. ಎರಡೂ ಅಲ್ಲದ ಹಾಡು ಹಿಡಿದು ಬಂದವನನ್ನು ಜನ ಬಿಲ್ಲಿಲ್ಲದೆ ಬೀಜ ಮಾರುವವನನ್ನು ನೋಡಿದ ಹಾಗೆ ನೋಡುತ್ತಾರೆ. ಮೊಳಕೆ ಬರುತ್ತದೋ ಇಲ್ಲವೋ, ಬರದಿದ್ದರೆ ಯಾರನ್ನು ಹಿಡಿಯುವುದು?

ಈ ಪ್ರಶ್ನೆ ಬಹಿರಂಗವಾಗಿ ಎದ್ದದ್ದು ಚಾಮರಾಜನಗರದ ಒಂದು ಬೀದಿಯ ಗಣಪತಿ ಕಾರ್ಯಕ್ರಮದಲ್ಲಿ. ಆರ್ಕೆಸ್ಟ್ರಾ ಮೈಸೂರಿನಿಂದ ಬರುವುದು ತಡವಾಗಿತ್ತು, ಶಾಸಕರು ಬರುವುದು ಇನ್ನೂ ತಡವಾಗಿತ್ತು. ನಡುವಿನ ಖಾಲಿ ಜಾಗಕ್ಕೆ ನನ್ನನ್ನು ಕರೆದಿದ್ದರು. ‘ಎಂಎಲ್ಎ ಸಾಹೇಬ್ರು ಬರೋ ತನಕ ಏನಾರ ಹೇಳ್ತಾ ಇರಿ’ ಎಂದರು. ನಾನು ಶ್ರುತಿ ಸರಿಮಾಡಿಕೊಂಡು, ಹಾಡು ಹುಟ್ಟಿದ ಹಿನ್ನೆಲೆಯನ್ನು ವಿವರಿಸಿ, ಕಣ್ಣು ಮುಚ್ಚಿ ಮೊದಲ ಅಕ್ಷರ ಎಳೆದೆ. ಪಟಾಕಿ ಸಿಡಿಯಿತು. ನನ್ನ ಆಲಾಪಕ್ಕೆ ಇಂಥ ಸ್ವಾಗತವೇ ಎಂದು ಕಣ್ಣು ಬಿಟ್ಟರೆ ಶಾಸಕರು. ಮೈಕು ನನ್ನ ಕೈಯಿಂದ ಹೊರಟು ಹಾರ, ಶಾಲು, ಪೇಟಗಳ ನಡುವೆ ಸುತ್ತಾಡಿ ತಿರುಗಿ ಬರುವ ಹೊತ್ತಿಗೆ ಜನ ಅರ್ಧ ಆಗಿದ್ದರು.

ಚಾಮರಾಜನಗರಕ್ಕೆ ಕಾಲಿಟ್ಟ ಮುಖ್ಯಮಂತ್ರಿ ಕುರ್ಚಿ ಕಳೆದುಕೊಳ್ಳುತ್ತಾರೆ ಎಂಬುದೊಂದು ಹಳೆಯ ಮಾತು. ಸಿದ್ದರಾಮಯ್ಯ ತಮ್ಮ ಮೊದಲ ಅವಧಿಯಲ್ಲಿ ಮತ್ತೆ ಮತ್ತೆ ಬಂದು ಹೋಗಿ, ಐದು ವರ್ಷ ಪೂರೈಸಿ ಅದನ್ನು ಸುಳ್ಳು ಮಾಡಿದರು. ಮುಖ್ಯಮಂತ್ರಿಗಳನ್ನು ಬಿಟ್ಟ ಆ ಶಾಪ ಅಲ್ಲೇ ಎಲ್ಲೋ ಸುತ್ತುತ್ತಿತ್ತೆಂದು ಕಾಣುತ್ತದೆ. ನಾನು ಪಲ್ಲವಿ ಮುಗಿಸುವಷ್ಟರಲ್ಲಿ ಶಾಮಿಯಾನದ ಹುಡುಗರು ಹಿಂದಿನ ಸಾಲಿನಿಂದ ಕುರ್ಚಿ ಪೇರಿಸಿಕೊಂಡು ಬರತೊಡಗಿದರು. ಒಂದೊಂದು ಚರಣಕ್ಕೆ ಒಂದೊಂದು ಸಾಲು ಹೋಯಿತು. ಮುಂದಿನ ಸಾಲಿನಲ್ಲಿ ಒಬ್ಬ ಅಜ್ಜಿ ಮಾತ್ರ ಅಲುಗಾಡದೆ ಕೂತಿದ್ದರು. ಇಷ್ಟು ಜನರ ನಡುವೆ ಕೇಳುವ ಕಿವಿ ಒಂದಾದರೂ ಇದೆಯಲ್ಲ ಎಂದು ಅವರನ್ನೇ ನೋಡಿಕೊಂಡು ಭಾವ ತುಂಬಿ ಹಾಡಿದೆ. ಹುಡುಗರು ಬಂದು ಬಗ್ಗಿ ನೋಡಿ, ‘ಮಲಗವ್ರೆ ಕನ್ಲಾ’ ಎಂದು ಪಿಸುಗುಟ್ಟಿ, ಕುರ್ಚಿ ಸಮೇತ ಅವರನ್ನೆತ್ತಿ ಗಣಪತಿಯ ಪಕ್ಕದಲ್ಲಿಟ್ಟು ಹೋದರು.

ಆಗ ಒಬ್ಬ ಹುಡುಗ ವೇದಿಕೆಯ ಹತ್ತಿರ ಬಂದು ಚೀಟಿ ಕೊಟ್ಟ. ಅಪ್ಪು ಹಾಡು ಬೇಕಿತ್ತು. ಇಲ್ಲಪ್ಪ, ನಾನು ನನ್ನ ಹಾಡೇ ಹಾಡೋದು ಎಂದೆ.

‘ಇದು ಯಾವ ಪಿಚ್ಚರ್‌ದಣ್ಣ?’

‘ಯಾವ ಪಿಚ್ಚರ್‌ದೂ ಅಲ್ಲ. ನಂದೇ.’

‘ನೀವು ಯಾವ ಪಿಚ್ಚರ್ ಮಾಡಿದ್ದೀರಿ?’

ಮೈಕು ಚಾಲೂ ಇತ್ತು. ಉಳಿದಿದ್ದ ಜನ ಉತ್ತರಕ್ಕೆ ಕಾಯುತ್ತಿದ್ದರು. ಆ ಸಂಜೆ ನನ್ನ ಬಾಯಿಂದ ಬರುವ ಒಂದು ಮಾತಿಗೆ ಅವರು ಕಾದದ್ದು ಅದೇ ಮೊದಲು. ಎದುರಿಗೆ ಪೊಲೀಸಿನವರೊಬ್ಬರು ಹತ್ತಕ್ಕೆ ಮೈಕು ನಿಲ್ಲಿಸಬೇಕೆಂದು ಗಡಿಯಾರ ತೋರಿಸುತ್ತಿದ್ದರು. ‘ರಾತ್ರಿ ಹತ್ತು ಗಂಟೆ ಅಂತ. ಇನ್ನೂ ರಿಲೀಸ್ ಆಗಿಲ್ಲ’ ಎಂದುಬಿಟ್ಟೆ.

ಚಪ್ಪಾಳೆ ಎಂದರೆ ಚಪ್ಪಾಳೆ. ಶಾಮಿಯಾನದ ಹುಡುಗರು ಕುರ್ಚಿ ವಾಪಸು ಹಾಕಿದರು. ಅದೇ ಹಾಡನ್ನು ಮತ್ತೊಮ್ಮೆ ಹೇಳಿಸಿದರು. ‘ರಿಲೀಸ್ ಆಗ್ದೇ ಇರೋ ಪಿಚ್ಚರ್ ಹಾಡ ನಾವೇ ಫಸ್ಟು ಕೇಳಿದ್ದು’ ಎಂದು ಫೋನಿನಲ್ಲಿ ತೆಗೆದುಕೊಂಡರು.

ಸುಳ್ಳು ತೆರಕಣಾಂಬಿ ಮೇಲೆ ಹಾದು ನಾನು ಗುಂಡ್ಲುಪೇಟೆ ತಲುಪುವ ಮೊದಲೇ ತಲುಪಿತ್ತು. ಬೆಳಗ್ಗೆ ಅಂಗಡಿಯ ಮುಂದೆ ಗಿರಾಕಿಗಳಿಗಿಂತ ಕಲಾವಿದರೇ ಹೆಚ್ಚು. ಡಿಎಪಿ ಮೂಟೆಗಳ ಬಾಕಿ ಇಟ್ಟುಕೊಂಡು ಬೀದಿ ಬದಲಿಸಿ ಓಡಾಡುತ್ತಿದ್ದ ಒಬ್ಬರು ನೇರ ಬಂದು ಎದುರಿಗೆ ಕೂತರು. ಬಾಕಿ ಕೇಳಿದರೆ, ‘ಪಿಚ್ಚರ್ ತೆಗಿಯೋರ್ಗ ಇದ್ಯಾವ ಲೆಕ್ಕ ಬುಡಪ್ಪ. ನಂಗೊಂದು ವಿಲನ್ ಪಾರ್ಟು ಕೊಡು, ಅದ್ರಲ್ಲಿ ಮುರ್ಕೊ’ ಎಂದರು. ಅಪ್ಪ ನನ್ನನ್ನು ಒಳಗೆ ಕರೆದು, ಪಿಚ್ಚರ್ ನಿಜವೋ ಸುಳ್ಳೋ ತನಗೆ ಬೇಕಿಲ್ಲ, ಉದ್ರಿ ವಸೂಲಿ ನಿಂತರೆ ಗಿಟಾರು ಸ್ಪ್ರೇಯರ್ ಆಗುತ್ತದೆ ಎಂದರು.

ಸುಳ್ಳನ್ನು ಇಳಿಸುವ ಹೊತ್ತಿನಲ್ಲಿ ನಾನು ವಿಡಿಯೊ ಶೂಟಿಂಗಿಗೆ ಹೊರಟದ್ದು ತಪ್ಪು ಮುಹೂರ್ತ. ಗುಂಡ್ಲುಪೇಟೆಯಿಂದ ಊಟಿಗೂ ಕೇರಳಕ್ಕೂ ಹೋಗುವ ಹೆದ್ದಾರಿಗಳ ಬದಿಯಲ್ಲಿ ಮುಂಗಾರಿನ ತಿಂಗಳುಗಳಲ್ಲಿ ಸೂರ್ಯಕಾಂತಿ, ಚೆಂಡುಹೂವಿನ ಹೊಲಗಳು ಕಣ್ಣು ಕೋರೈಸುತ್ತವೆ. ಕೇರಳದ ಪ್ರವಾಸಿಗರು ಕಾರು ನಿಲ್ಲಿಸಿ ಹೊಲಕ್ಕಿಳಿದು ಫೋಟೊ ತೆಗೆಸಿಕೊಳ್ಳುತ್ತಾರೆ. ರೈತರು ತಲೆಗಿಷ್ಟು ಎಂದು ವಸೂಲಿ ಮಾಡುತ್ತಾರೆ. ನ್ಯಾಯವೇ, ತುಳಿದ ಗಿಡಕ್ಕೆ ಪ್ರವಾಸೋದ್ಯಮ ಇಲಾಖೆ ಪರಿಹಾರ ಕೊಡುವುದಿಲ್ಲ. ನಮ್ಮ ಅಂಗಡಿಯ ಗಿರಾಕಿಯೊಬ್ಬರ ಚೆಂಡುಹೂವಿನ ಹೊಲ ನಿಕ್ಕಿಯಾಯಿತು. ಕ್ಯಾಮೆರಾ ಎಂದರೆ ಮದುವೆ ಫೋಟೊ ತೆಗೆಯುವ ಗೆಳೆಯ. ಹಾಡಿನ ಅರ್ಥ ಇಷ್ಟು: ನೀನು ಬರುವ ಮುಂಚೆ ಬರಡಾಗಿದ್ದ ನನ್ನ ಲೋಕ ನೀನು ಬಂದ ಮೇಲೆ ಹೂವಾಯಿತು.

‘ಹೀರೊಯಿನ್ ಎಲ್ಲಿ?’ ಎಂದು ರೈತರು ಕೇಳಿದರು.

‘ಇಲ್ಲ. ಭಾವನೆಯಲ್ಲಿ ಮಾತ್ರ.’

‘ಅವ್ಳಿಗೂ ತಲೆ ಲೆಕ್ಕ ಕೊಡ್ಬೇಕಾಯ್ತದ ಅಂತ ಬುಟ್ಟು ಬಂದ್ಯಾ?’

ಮಳೆ ಹನಿಯಿತು. ಒಂದೇ ಚರಣ ಮುಗಿಸಿ, ಮಿಕ್ಕದ್ದನ್ನು ಮುಂದಿನ ವಾರಕ್ಕೆ ಇಟ್ಟುಕೊಂಡೆವು. ಚೆಂಡುಹೂವು ಇಲ್ಲಿ ಬೆಳೆಯುವುದು ನೋಡುವುದಕ್ಕಲ್ಲ. ಬಣ್ಣ ತೆಗೆಯುವ ಕಾರ್ಖಾನೆಯ ಕರಾರಿನ ಮೇಲೆ ಬೆಳೆಯುತ್ತಾರೆ, ಓಣಂ ಹತ್ತಿರವಾದರೆ ಕೇರಳದ ವ್ಯಾಪಾರಿಗಳೂ ಬರುತ್ತಾರೆ. ಆ ಹೊಲಕ್ಕೆ ಬೀಜದಿಂದ ಗೊಬ್ಬರದ ತನಕ ಲೆಕ್ಕ ಬರೆದವನೇ ನಾನು. ಕೊಯ್ಲು ಯಾವಾಗ ಎಂದು ಕೇಳುವುದು ಹೊಳೆಯಲಿಲ್ಲ. ಮುಂದಿನ ವಾರ ಹೋದರೆ ಹೂವೆಲ್ಲ ಮೂಟೆಯಲ್ಲಿತ್ತು. ಕೂಲಿಯ ಹೆಂಗಸರು ಬದುವಿನ ಮೇಲೆ ಕೂತು ಉಣ್ಣುತ್ತಿದ್ದರು. ಬೇರೆ ದಾರಿಯಿಲ್ಲದೆ ಬೋಳು ಗಿಡಗಳ ನಡುವೆ ಎರಡನೇ ಚರಣ ಹಾಡಿದೆ. ಹೀಗೆ ನನ್ನ ವಿಡಿಯೊದಲ್ಲಿ ಅವಳು ಬರುವ ಮುಂಚೆ ಲೋಕವೆಲ್ಲ ಹಳದಿ ಹೂವು, ಬಂದ ಮೇಲೆ ಒಂದೂ ಇಲ್ಲ.

ಮೊದಲ ದಿನ ನಮ್ಮ ಪಕ್ಕದಲ್ಲೇ ಒಂದು ಮಲಯಾಳಿ ಕುಟುಂಬ ರೀಲ್ಸ್ ಮಾಡುತ್ತಿತ್ತು. ಮಗು ಹೂ ಕೀಳುತ್ತದೆ, ತಾಯಿ ಗದರುತ್ತಾಳೆ, ಹಿಂದೆ ಎಲ್ಲೋ ಲುಂಗಿ ಉಟ್ಟ ಒಬ್ಬ ಕೈಯೆತ್ತಿ ಕೂಗಿಕೊಳ್ಳುತ್ತಿದ್ದಾನೆ. ಆ ರೀಲ್ಸನ್ನು ನನ್ನ ಇಡೀ ಸಂಗೀತವನ್ನು ಕೇಳಿದವರಿಗಿಂತ ಎಷ್ಟೋ ಪಟ್ಟು ಜನ ನೋಡಿದರು. ಕೆಳಗೆ ಒಬ್ಬರು, ಆ ಹೊಲದ ಮಾಲೀಕ ಪಾಪ ಎಷ್ಟು ಸಿಟ್ಟಾಗಿದ್ದಾನೆ ನೋಡಿ ಎಂದು ಬರೆದಿದ್ದರು.

ಹಾಡು ಅಂತರ್ಜಾಲಕ್ಕೆ ಏರಿದ ಮೇಲಿನ ಆರ್ಥಿಕ ವ್ಯವಹಾರವನ್ನೂ ಹೇಳಿಬಿಡುತ್ತೇನೆ. ಸ್ಪಾಟಿಫೈನವರು 2024ರಿಂದ ಒಂದು ನಿಯಮ ತಂದಿದ್ದಾರೆ: ಹಿಂದಿನ 12 ತಿಂಗಳಲ್ಲಿ 1,000 ಸಲವಾದರೂ ಓಡದ ಹಾಡಿಗೆ ರಾಯಧನದ ಲೆಕ್ಕವೇ ಇಲ್ಲ. ಇದನ್ನು ಊಟ ಮಾಡುವಾಗ ಅವ್ವನಿಗೆ ಹೇಳಿದೆ. ಅವ್ವ ಹೆಚ್ಚು ಮಾತಾಡಲಿಲ್ಲ. ಮಾರನೆಯ ದಿನದಿಂದ ಮನೆಯ ಹಳೆಯ ಫೋನು ಕಾಣೆಯಾಯಿತು. ಎಷ್ಟೋ ದಿನದ ಮೇಲೆ ಅಕ್ಕಿ ಡಬ್ಬ ತೆಗೆದಾಗ ಒಳಗಿನಿಂದ ನಾನೇ ಸಣ್ಣಗೆ ಹಾಡುತ್ತಿದ್ದೆ. ‘ರಾತ್ರಿ ಹಗಲು ಬುಟ್ಟಿದ್ದೀನಿ. ಸದ್ದು ತಡಿಯಕಾಗ್ನಿಲ್ಲ, ಅದ್ಕೇ ಒಳಗಿಟ್ಟಿ’ ಎಂದರು. ಅವರು ಬಿಟ್ಟದ್ದು ಬೇರೊಂದು ಕಂಪನಿಯ ಆಪ್‌ನಲ್ಲಿ. ಆ ಕಂಪನಿಯವರು ಒಂದೇ ಫೋನಿನಲ್ಲಿ, ಒಂದೇ ಊರಲ್ಲಿ, ಒಂದೇ ಹಾಡು ಎಡೆಬಿಡದೆ ಓಡುವುದನ್ನು ಕಂಡು ಇದು ಮನುಷ್ಯರು ಕೇಳುವ ರೀತಿಯಲ್ಲ ಎಂದು ಹಾಡನ್ನೇ ತೆಗೆದುಹಾಕಿದರು. ನನ್ನ ಬಗ್ಗೆ ಬಂದ ವಿಮರ್ಶೆಗಳಲ್ಲಿ ನಾನು ಒಪ್ಪಿಕೊಂಡದ್ದು ಇದೊಂದನ್ನೇ.

ರಘು ದೀಕ್ಷಿತರಿಗೆ ಶರೀಫರು ಸಿಕ್ಕ ಹಾಗೆ ನನಗೆ ಮಾದಪ್ಪ ಏಕೆ ಸಿಗಬಾರದು ಎಂಬ ಯೋಚನೆ ಬಂದದ್ದು ಆಮೇಲೆ. ಧೈರ್ಯ ಮಾತ್ರ ಬರಲಿಲ್ಲ. 2020ರ ಆಗಸ್ಟಿನಲ್ಲಿ ರ‍್ಯಾಪರ್ ಚಂದನ್ ಶೆಟ್ಟಿ ಮಾದಪ್ಪನ ‘ಕೋಲುಮಂಡೆ’ ಪದವನ್ನು ಹೊಸ ವೇಷದಲ್ಲಿ ತಂದಾಗ, ವಿಡಿಯೊದಲ್ಲಿ ಆ ಕತೆಯ ಸಂಕಮ್ಮನನ್ನು ತೋರಿಸಿದ ರೀತಿಗೆ ಮಾದಪ್ಪನ ಭಕ್ತರು ಸಿಟ್ಟಾದರು, ಚಂದನ್ ಕ್ಷಮೆ ಕೇಳಿ ವಿಡಿಯೊ ತೆಗೆಯಬೇಕಾಯಿತು. ಅಷ್ಟು ಹೆಸರಿದ್ದವರಿಗೇ ಹಾಗಾದರೆ ನನ್ನನ್ನು ಅಂಗಡಿಯ ಸಮೇತ ಎತ್ತಿಡುತ್ತಾರೆ. ಆದ್ದರಿಂದ ಮೊದಲೇ ಅಪ್ಪಣೆ ಕೇಳೋಣವೆಂದು ತೆರಕಣಾಂಬಿ ಕಡೆಯ ಒಂದು ಹಳ್ಳಿಯಲ್ಲಿದ್ದ ಹಿರಿಯ ದೇವರಗುಡ್ಡರೊಬ್ಬರ, ಗುಡ್ಡಪ್ಪನವರ, ಮನೆಗೆ ಹೋದೆ.

ಜಗಲಿಯ ಮೇಲೆ ಕೂತು ಕಂಸಾಳೆಗೆ ಹುಣಸೆಹಣ್ಣು ಹಚ್ಚಿ ತಿಕ್ಕುತ್ತಿದ್ದರು. ಎಡಗೈ ಅಂಗೈಯಲ್ಲಿ ಕೂರುವ ಬಟ್ಟಲಿನಂಥದ್ದು ಒಂದು. ಬಲಗೈಯಲ್ಲಿ ಹುರಿ ಹಿಡಿದು ಬೀಸುವ ಚಪ್ಪಟೆ ತಾಳ ಇನ್ನೊಂದು. ಬಟ್ಟಲಿನ ಅಂಚು ಏಟು ತಿಂದು ತಿಂದು ಒಂದು ಕಡೆ ಕಾಗದದಷ್ಟು ಸವೆದಿತ್ತು. ನಾನೂ ಹಾಡುವವನು ಎಂದು ಪರಿಚಯ ಮಾಡಿಕೊಂಡೆ.

‘ಎಷ್ಟು ಸಾಲು ಬತ್ತದ ನಿಂಗ?’ ಎಂದರು.

ಹೊಸ ಹಾಡಿನ ಪಲ್ಲವಿ ಆಗ ತಾನೇ ಮುಗಿದಿತ್ತು. ‘ಸದ್ಯಕ್ಕೆ ನಾಲ್ಕು ಸಾಲು ಆಗಿದೆ ಅಯ್ಯ. ಇನ್ನೊಂದು ನಾಲ್ಕು ಬರೀಬೇಕು.’

ಅವರು ಕಂಸಾಳೆ ಕೆಳಗಿಟ್ಟರು. ನನ್ನನ್ನು ಅಡಿಯಿಂದ ಮುಡಿಯ ತನಕ ನೋಡಿದರು. ‘ನಾಕು ಸಾಲಾ? ಈ ವಯಸ್ಸಿಗ? ನೀನೇ ಕಟ್ಟಿರದ?’ ಎಂದು, ಒಳಗೆ ತಿರುಗಿ ಟೀ ಇಡಲು ಹೇಳಿದರು.

ಓದುವವರಿಗೆ ಆಗಲೇ ಹೊಳೆದಿರಬಹುದು, ನನಗೆ ಹೊಳೆಯಲಿಲ್ಲ. ಮಾದಪ್ಪನ ಕತೆಯಲ್ಲಿ ಸಾಲು ಎಂದರೆ ಒಂದು ಇಡೀ ಅಧ್ಯಾಯ. ಸಂಕಮ್ಮನ ಸಾಲು, ಇಕ್ಕೇರಿ ದೇವಮ್ಮನ ಸಾಲು, ಸರಗೂರಯ್ಯನ ಸಾಲು, ಜುಂಜೇಗೌಡನ ಸಾಲು. ರಾತ್ರಿ ಊಟವಾದ ಮೇಲೆ ಹಿಡಿದರೆ ಕೋಳಿ ಕೂಗುವ ತನಕ ಎಳೆಯಬಹುದು. ಹೆಬ್ಬಣಿ ಮಾದಯ್ಯ ಮತ್ತು ಸಂಗಡಿಗರು ಹಾಡಿದ್ದನ್ನು ಕೇಶವನ್ ಪ್ರಸಾದ್ ಕೂತು ಬರೆದುಕೊಂಡು ಅಚ್ಚು ಹಾಕಿಸಿದ್ದಾರೆ; ಅದು ದಪ್ಪ ಪುಸ್ತಕ, 2001ರಲ್ಲಿ ಸಾಹಿತ್ಯ ಅಕಾಡೆಮಿಯಿಂದ ಇಂಗ್ಲಿಷಿಗೂ ಬಂದಿದೆ. ಇಂಥ ನಾಲ್ಕು ಸಾಲು ನಾನೇ ಕಟ್ಟಿದ್ದೇನೆ, ಬಿಡುವಾದಾಗ ಇನ್ನು ನಾಲ್ಕು ಬರೆಯುತ್ತೇನೆ ಎಂದು ಟೀ ಕುಡಿಯುತ್ತ ಹೇಳಿ ಬಂದಿದ್ದೆ. ಬರುವ ಸೋಮವಾರ ಅಲ್ಲೇ ಒಬ್ಬರ ಮನೆಯಲ್ಲಿ ಹರಕೆಗೆ ಕತೆ ಮಾಡಿಸುವುದಿತ್ತು. ‘ಮೊದ್ಲು ಸಂಕಮ್ಮನ ಸಾಲು ನಾ ಹೇಳ್ತೀನಿ. ಆಮ್ಯಾಕ ನಿಂದು ಒಂದು ಸಾಲು ಆಗ್ಲಿ’ ಎಂದಿದ್ದರು.

ಹೋದೆ. ಅಂಗಳದಲ್ಲಿ ಚಾಪೆ, ಕಂಬಳಿ, ಮಕ್ಕಳು, ಮುದುಕರು. ಗುಡ್ಡಪ್ಪನವರು ಸಂಕಮ್ಮನನ್ನು ಹಿಡಿದರೆ ನಿದ್ದೆಗಣ್ಣಿನವರೂ ಎದ್ದು ಕೂರುತ್ತಿದ್ದರು. ಗಂಡ ನೀಲಯ್ಯ ಆಣೆ ಭಾಷೆ ಕೇಳುವ ಕಡೆ ನನ್ನ ಪಕ್ಕದಲ್ಲಿದ್ದ ಹೆಂಗಸು ‘ಹಾಳಾದವ್ನು’ ಎಂದು ಹಲ್ಲು ಕಡಿದರು. ಆ ಕತೆಯನ್ನು ಅವರು ಹುಟ್ಟಿದಾಗಿನಿಂದ ಕೇಳಿರಬೇಕು. ನಡುರಾತ್ರಿ ದಾಟಿದ ಮೇಲೆ ನನ್ನ ಸರದಿ ಬಂತು. ಹಿಮ್ಮೇಳದವರು ಗಂಟಲು ಸರಿಮಾಡಿಕೊಂಡು, ಇನ್ನೊಂದು ನಾಲ್ಕು ತಾಸಿಗೆ ತಯಾರಾಗಿ, ಕಾಲು ಮಡಿಸಿ ಕೂತರು. ನಾನು ಹಾಡಿದೆ. ಟೀ ಲೋಟ ಹಂಚುತ್ತಿದ್ದವರು ಎರಡನೇ ಸಾಲಿನ ಜನಕ್ಕೆ ಬರುವಷ್ಟರಲ್ಲಿ ಹಾಡು ಮುಗಿಯಿತು.

‘ಹೂಂ. ಮುಂದಕ್ಕ?’ ಎಂದರು ಗುಡ್ಡಪ್ಪ.

‘ಮುಗೀತು ಅಯ್ಯ.’

‘ಸೊಲ್ಲು ಮುಗೀತು. ಕತೆ?’

‘ಕತೆ ಇಲ್ಲ. ಭಾವನೆ.’

ಅಂಗಳ ಒಪ್ಪಲಿಲ್ಲ. ಆ ಹುಡುಗಿ ಯಾರ ಮಗಳು, ಯಾವೂರು, ಬಿಟ್ಟು ಹೋದಳು ಎಂದೆಯಲ್ಲ ಏಕೆ ಹೋದಳು, ಅವಳ ಅಪ್ಪ ಅವ್ವ ಸುಮ್ಮನಿದ್ದರೇ ಎಂದು ಒಂದೊಂದು ಕಡೆಯಿಂದ ಪ್ರಶ್ನೆ ಬಂತು. ಪಕ್ಕದ ಹೆಂಗಸಂತೂ ತಪ್ಪು ನನ್ನದೇ ಎಂದು ತೀರ್ಮಾನಿಸಿಯಾಗಿತ್ತು. ನನಗೆ ಉತ್ತರ ಗೊತ್ತಿರಲಿಲ್ಲ. ಹಾಡಿನಲ್ಲಿ ಅವಳು ತಂಗಾಳಿಯಾಗಿ ಬಂದು ತಂಗಾಳಿಯಾಗಿ ಹೋಗಿದ್ದಳು, ಅಷ್ಟೇ ನನಗೆ ಗೊತ್ತಿದ್ದದ್ದು. ಆಗ ಗುಡ್ಡಪ್ಪನವರು ಕಂಸಾಳೆ ಎತ್ತಿಕೊಂಡರು. ನನ್ನ ಪಲ್ಲವಿಯನ್ನೇ ಸೊಲ್ಲು ಮಾಡಿಕೊಂಡರು. ತಂಗಾಳಿಗೆ ಒಂದು ಊರು ಕೊಟ್ಟರು, ಏಳು ಜನ ಅಣ್ಣತಮ್ಮಂದಿರನ್ನು ಕೊಟ್ಟರು, ಮಳೆ ಬರದ ಮೂರು ವರ್ಷ ಕೊಟ್ಟರು, ಹಟ್ಟಿಯ ಮುಂದೆ ಜಂಗಮನ ವೇಷದಲ್ಲಿ ಮಾದಪ್ಪನನ್ನು ತಂದು ನಿಲ್ಲಿಸಿದರು. ನನ್ನನ್ನೂ ಬಿಡಲಿಲ್ಲ. ಕೊಟ್ಟ ಮಾತು ತಪ್ಪಿ, ಬಾಳೆಯ ತೋಟ ಒಣಗಿಸಿಕೊಂಡು, ಬೆಟ್ಟ ಹತ್ತಿ ತಪ್ಪುಕಾಣಿಕೆ ಒಪ್ಪಿಸುವ ತನಕ ಎಳೆದುಕೊಂಡು ಹೋದರು. ಜನ ಅತ್ತರು. ನಾನು ಹಿಮ್ಮೇಳದಲ್ಲಿ ಕೂತು ನನ್ನದೇ ಹಾಡಿನ ಒಂದು ಸಾಲನ್ನು ಬೆಳಗಿನ ತನಕ ಹಿಂದೆ ಹಿಂದೆ ಹೇಳಿದೆ. ಎಲೆ ಅಡಕೆಯ ಜೊತೆ ಹಿಮ್ಮೇಳದವರಿಗೆ ಕೊಟ್ಟ ಐವತ್ತೊಂದು ರೂಪಾಯಿ ನನಗೂ ಸಿಕ್ಕಿತು. ಬರುವಾಗ ಗುಡ್ಡಪ್ಪನವರು ಹೆಗಲ ಮೇಲೆ ಕೈಯಿಟ್ಟು, ‘ಪಿಚ್ಚರ್‌ನಲ್ಲಿ ಇಷ್ಟನ್ನೂ ಹಾಕ್ಬುಡು’ ಎಂದರು. ಅಲ್ಲಿಗೂ ತಲುಪಿತ್ತು.

ಇಷ್ಟರ ಮೇಲೆ ಕನ್ನಡ ನಾಡನ್ನೇ ಬಿಟ್ಟು ನೋಡೋಣವೆಂದು ವಯನಾಡಿನ ಸುಲ್ತಾನ್ ಬತ್ತೇರಿ ಕಡೆಯ ಒಂದು ರೆಸಾರ್ಟಿನಲ್ಲಿ ಹಾಡಲು ಒಪ್ಪಿಕೊಂಡೆ. ಅಲ್ಲಿ ಹಾಡಿದ್ದರ ಬಗ್ಗೆ ಹೇಳುವಂಥದ್ದು ಏನೂ ಇಲ್ಲ. ಈಜುಕೊಳದಲ್ಲಿದ್ದವರು ನೀರಿನಡಿಗೆ ಹೋಗಿ ಬಹಳ ಹೊತ್ತು ಮೇಲೆ ಬರುತ್ತಿರಲಿಲ್ಲ. ಹೇಳಬೇಕಾದದ್ದು ವಾಪಸು ಬರುವಾಗಿನದು. ಬಂಡೀಪುರದ ಕಾಡಿನ ರಸ್ತೆಯಲ್ಲಿ 2009ರಿಂದ ರಾತ್ರಿ 9ರಿಂದ ಬೆಳಗಿನ 6ರ ತನಕ ಸಂಚಾರ ನಿಷೇಧ. ಆಂಬುಲೆನ್ಸಿಗೆ ಬಿಡುತ್ತಾರೆ, ಗೊತ್ತಾದ ಕೆಲವು ಬಸ್ಸುಗಳಿಗೆ ಬಿಡುತ್ತಾರೆ, ಬೈಕಿನ ಹಿಂದೆ ಗಿಟಾರು ಕಟ್ಟಿಕೊಂಡವನಿಗೆ ಬಿಡುವುದಿಲ್ಲ. ಮುತ್ತಂಗದ ಕಡೆ ತಲುಪುವಷ್ಟರಲ್ಲಿ ಗೇಟು ಬಿದ್ದಿತ್ತು.

ತರಕಾರಿ ಇಳಿಸಿ ಖಾಲಿ ಬರುತ್ತಿದ್ದ ನಮ್ಮ ಕಡೆಯ ಲಾರಿಗಳು ಸಾಲಾಗಿ ನಿಂತಿದ್ದವು. ಚಾಲಕರು ಟೀ ಅಂಗಡಿಯ ಮುಂದೆ ಕೂತಿದ್ದರು. ಗಿಟಾರು ನೋಡಿ ಹಾಡು ಅಂದರು. ನನ್ನ ಬದುಕಿನ ಅತ್ಯುತ್ತಮ ಕಛೇರಿ ಅದು. ಒಬ್ಬರೂ ಎದ್ದು ಹೋಗಲಿಲ್ಲ. ಮುಂದೆ ಸರ್ಕಾರದ ಗೇಟು, ಆಚೆ ಈಚೆ ಆನೆ. ನನ್ನಲ್ಲಿದ್ದ ಅಷ್ಟೂ ಹಾಡು ಹಾಡಿದೆ, ಮುಗಿದ ಮೇಲೆ ಮೊದಲಿನಿಂದ ಹಾಡಿದೆ. ಕೊನೆಗೆ ಒಬ್ಬ ಹಿರಿಯ ಚಾಲಕರು ಬೀಡಿ ಆರಿಸಿ ತೀರ್ಪು ಕೊಟ್ಟರು: ‘ಗಂಟ್ಲು ಜೋರಾಗದ ಕನಪ್ಪ, ದೂರಕ್ಕ ಕೇಳಿಸ್ತದ. ಏನ ಮಾರ್ತಾ ಇದ್ದೀಯ ಅನ್ನೋದು ಮಾತ್ರ ತಿಳೀನಿಲ್ಲ.’ ಅವರ ತಮ್ಮ ಗುಂಡ್ಲುಪೇಟೆಯಲ್ಲಿ ಆಟೊದಲ್ಲಿ ಸಣ್ಣ ಈರುಳ್ಳಿ ಮಾರುತ್ತಾನಂತೆ. ದಿನವಿಡೀ ಕೂಗಿ ಕೂಗಿ ಅವನ ಗಂಟಲು ಹೋಗಿದೆಯಂತೆ.

ಮಾಡಿಕೊಟ್ಟೆ. ಕಾರ್ಖಾನೆಗೆ ಹೋದ ಚೆಂಡುಹೂವಿನ ಹಾಡಿನ ರಾಗಕ್ಕೇ ಈರುಳ್ಳಿ ಹಾಕಿದೆ. ಈ ಸಲ ಗುಡ್ಡಪ್ಪನವರ ಅಂಗಳ ನೆನಪಿತ್ತು: ಈರುಳ್ಳಿ ಯಾವೂರಿನದು, ಯಾರ ಹೊಲದ್ದು, ಕಿಲೋಗೆ ಎಷ್ಟು, ಏಕೆ ಅಷ್ಟು, ಎಲ್ಲವೂ ಬಂತು. ಬೆಳಗ್ಗೆ ಏಳಕ್ಕೆ ಆಟೊ ಹೊರಟರೆ ಹನ್ನೊಂದರ ತನಕ ಪೇಟೆಯ ಎಲ್ಲ ಬೀದಿಯಲ್ಲೂ ನಾನೇ. ಮಕ್ಕಳು ಸ್ಕೂಲಿಗೆ ಹೋಗುವಾಗ ಹೇಳಿಕೊಂಡು ಹೋಗುತ್ತಾರೆ. ‘ರಾತ್ರಿ ಹತ್ತು ಗಂಟೆ’ಯ ಟೈಟಲ್ ಸಾಂಗ್ ಇದೇ ಎಂದು ಊರು ತೀರ್ಮಾನಿಸಿದೆ. ನನ್ನನ್ನು ನೋಡಲು ಬಂದಿದ್ದ ಒಂದು ಹೆಣ್ಣಿನ ಕಡೆಯವರು, ಹುಡುಗ ಪಿಚ್ಚರ್‌ನವನಂತೆ ಎಂದು ಹಿಂದೆ ಸರಿದರು. ಇನ್ನೊಂದು ಕಡೆಯವರು, ಹುಡುಗ ಈರುಳ್ಳಿ ಮಾರುತ್ತಾನಂತೆ ಎಂದು.

ತಿಂಗಳಾಗುವಷ್ಟರಲ್ಲಿ ಅದೇ ಧ್ವನಿ ತೆರಕಣಾಂಬಿ ಮಾರುಕಟ್ಟೆಯಲ್ಲೂ ನಂಜನಗೂಡಿನಲ್ಲೂ ಕೇಳಿತು. ಆಟೊದವರು ಪೆನ್‌ಡ್ರೈವಿನಲ್ಲಿ ಹಂಚಿಕೊಂಡಿದ್ದರು. ಕಾನೂನು ನನ್ನ ಪರವಾಗಿದೆ. ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಹಾಡು ಬರೆದವನ ಹಕ್ಕು ಅವನು ಸತ್ತು 60 ವರ್ಷದ ತನಕ ಇರುತ್ತದೆ. ರಾಯಧನದ ಪಾಲು ಬರೆದವನ, ರಾಗ ಹಾಕಿದವನ ಕೈತಪ್ಪದಿರಲೆಂದು 2012ರಲ್ಲಿ ತಿದ್ದುಪಡಿಯನ್ನೂ ತಂದಿದ್ದಾರೆ. ಬರೆದವನೂ ರಾಗ ಹಾಕಿದವನೂ ಒಬ್ಬನೇ ಇರುವಾಗ ಎರಡೂ ಪಾಲು ನನ್ನದೇ. ನನ್ನ ಈರುಳ್ಳಿ ಹಾಡಿಗೆ ವಾರಸುದಾರರು ಬೇಕಾಗುತ್ತಾರೆ, ಅವರ ತಾಯಿ ಇನ್ನೂ ಸಿಕ್ಕಿಲ್ಲ, ಅದು ಬೇರೆ ಮಾತು. ಇದನ್ನೆಲ್ಲ ಬೀದಿಯಲ್ಲಿ ಆಟೊ ನಿಲ್ಲಿಸಿ ಆ ತಮ್ಮನಿಗೆ ವಿವರವಾಗಿ ತಿಳಿಸಿದೆ. ಅವನು ಗಮನವಿಟ್ಟು ಕೇಳಿದ. ತಕ್ಕಡಿಯಲ್ಲಿ ಎರಡು ಕಿಲೋ ತೂಗಿ, ನನ್ನ ಮುಖ ನೋಡಿ, ಮೇಲೆ ಒಂದು ಹಿಡಿ ಹಾಕಿದ.

‘ನಂಜನಗೂಡಿಂದೂ ಸೇರಿಸಿವ್ನಿ ಕನಣ್ಣ.’

ಮನೆಗೆ ತಂದೆ. ಅವ್ವ ಚೀಲ ಬಿಡಿಸಿ, ಒಂದೊಂದನ್ನೇ ಹಿಸುಕಿ ನೋಡಿ, ಕೊಳೆತದ್ದನ್ನು ಬೇರೆ ಮಾಡಿ, ಮೊದಲ ಸಲ ನನ್ನ ವೃತ್ತಿಯ ಬಗ್ಗೆ ಒಂದು ಸಲಹೆ ಕೊಟ್ಟರು.

‘ಮುಂದ್ಲ ಹಾಡ ಬೆಳ್ಳುಳ್ಳಿ ಮ್ಯಾಲ ಬರಿ. ರೇಟು ಜಾಸ್ತಿ ಅದ.’